ಟಾಮ್‌ಗೆ ಮಾತು ಬೇಡ, ಸಿನಿಮಾಕ್ಕೆ ಬೇಕು: ಹಳೆ ಕಾರ್ಟೂನು ನಿಜ ಲೋಕಕ್ಕೆ ಇಳಿದಾಗ ಕನ್ನಡದ ಮಕ್ಕಳ ಪಾಡೇನು?

ಕೊಡಗಿನಲ್ಲಿ ಜುಲೈ ಅಂದರೆ ಮಳೆ ರಜೆಯ ತಿಂಗಳು. ನಾಳೆ ಶಾಲೆಗೆ ರಜೆ ಅನ್ನುವ ಆದೇಶ ಹಿಂದಿನ ರಾತ್ರಿಯೇ ವಾಟ್ಸಾಪ್‌ನಲ್ಲಿ ಓಡಾಡುತ್ತದೆ. ಬೆಳಿಗ್ಗೆ ಎದ್ದರೆ ಮಕ್ಕಳೆಲ್ಲ ಮನೆಯಲ್ಲೇ. ಹೊರಗೆ ಆಡಲು ಬಿಡೋಣ ಅಂದರೆ ತೋಟದ ತುಂಬ ಜಿಗಣೆ. ಅಂಥ ಒಂದು ದಿನ ಸುಂಟಿಕೊಪ್ಪ ಹತ್ತಿರದ ನಮ್ಮ ಮನೆಯ ಹಾಲ್‌ನಲ್ಲಿ ಎಂಟು ಮಕ್ಕಳು ಕೂತಿದ್ದರು. ನನ್ನ ಮಗಳು, ಪಕ್ಕದ ಮನೆಯ ಅಣ್ಣ ತಂಗಿ, ಉಳಿದವರೆಲ್ಲ ತೋಟದ ಲೈನ್ ಮನೆಯ, ಅಂದರೆ ಕೆಲಸಗಾರರ ಸಾಲುಮನೆಯ ಮಕ್ಕಳು. ಎಂಟು ಮಕ್ಕಳಿಗೆ ಐದು ಮನೆಮಾತು. ಕೊಡವ ತಕ್ಕ್, ಅರೆಭಾಷೆ, ಮಲಯಾಳಂ, ಯರವರ ಮಾತು, ಮತ್ತೆ ಅಸ್ಸಾಮಿನಿಂದ ಕೆಲಸಕ್ಕೆ ಬಂದ ಕುಟುಂಬದ ಹುಡುಗನ ಅಸ್ಸಾಮಿ. ಎಲ್ಲರೂ ಸೇರಿ ಆಡುವಾಗ, ಜಗಳವಾಡುವಾಗ ಮಾತ್ರ ಕನ್ನಡ.

ಅದೃಷ್ಟಕ್ಕೆ ಆ ದಿನ ಕರೆಂಟ್ ಇತ್ತು. ಮೊದಲು ಟಾಮ್ ಆಂಡ್ ಜೆರಿಯ ಎರಡು ಹಳೆಯ ಕಂತು ಹಾಕಿದೆ. ಎಂಟೂ ಮಕ್ಕಳು ಒಂದೇ ಕ್ಷಣಕ್ಕೆ ನಕ್ಕರು, ಒಂದೇ ಕ್ಷಣಕ್ಕೆ ಉಸಿರು ಹಿಡಿದರು. ಆಮೇಲೆ "ದೊಡ್ಡ ಸಿನಿಮಾ ಹಾಕಿ ಆಂಟಿ" ಅಂದರು. 2021ರಲ್ಲಿ ಬಂದ 'ಟಾಮ್ ಆಂಡ್ ಜೆರಿ' ಹಾಕಿದೆ. ಬೆಕ್ಕು, ಇಲಿ ಬಿಡಿಸಿದ ಚಿತ್ರಗಳೇ, ಆದರೆ ಊರು ನಿಜವಾದ ನ್ಯೂಯಾರ್ಕ್, ಹೋಟೆಲ್ ನಿಜ, ಜನ ನಿಜ. ಬೆಕ್ಕು ಇಲಿ ಓಡುವಾಗ ಎಲ್ಲರೂ ಟಿವಿಗೆ ಅಂಟಿಕೊಂಡರು. ಮನುಷ್ಯರು ಮಾತಾಡಲು ಶುರು ಮಾಡಿದ ಕೂಡಲೇ ಒಬ್ಬನಿಗೆ ನೀರು ಬೇಕು, ಇನ್ನೊಬ್ಬಳಿಗೆ ಬಾತ್‌ರೂಮ್‌ಗೆ ಹೋಗಬೇಕು. ಉಳಿದವರು ನನ್ನ ಮುಖ ನೋಡಿ ಕೇಳಿದರು, "ಏನಂತೆ ಆಂಟಿ?"

ಆ "ಏನಂತೆ" ನನ್ನ ತಲೆಯಲ್ಲಿ ಉಳಿದುಬಿಟ್ಟಿತು. ಹಳೆಯ ಕಾರ್ಟೂನು ಪಾತ್ರಗಳನ್ನು ನಿಜ ಲೋಕಕ್ಕೆ ತರುವ ಕುಟುಂಬ ಸಿನಿಮಾಗಳು ಈಗ ವರ್ಷಕ್ಕೊಂದಾದರೂ ಬರುತ್ತವೆ. ಅವುಗಳ ತಂತ್ರದ ಬಗ್ಗೆ, ಹಣದ ಬಗ್ಗೆ ಬೇಕಾದಷ್ಟು ಚರ್ಚೆ ಇದೆ. ನನಗೆ ಕಾಣುವ ವಿಷಯ ಬೇರೆ. ಮಾತೇ ಇಲ್ಲದ ಕಾರ್ಟೂನು ಯಾವ ಭಾಷೆಯ ಮಗುವಿನ ಮನೆಗೂ ಸಲೀಸಾಗಿ ಬಂತು. ಅದೇ ಕಾರ್ಟೂನು ನಿಜ ಲೋಕಕ್ಕೆ ಇಳಿದ ಮೇಲೆ ಅದರ ಸುತ್ತ ಮಾತು ತುಂಬಿಕೊಂಡಿತು. ಮಾತು ಬಂದಲ್ಲಿ ಬಾಗಿಲೂ ಬಂತು. ಆ ಬಾಗಿಲ ಹೊರಗೆ ನಮ್ಮ ಮಕ್ಕಳು ನಿಂತಿದ್ದಾರೆ.

ಮೊಣಕಾಲಿನ ಕೆಳಗಿನ ಲೋಕ

ಟಾಮ್ ಮತ್ತು ಜೆರಿ ಹುಟ್ಟಿದ್ದು 1940ರಲ್ಲಿ. ಎಂಜಿಎಂ ಸ್ಟುಡಿಯೋದಲ್ಲಿ ಕೆಲಸಕ್ಕಿದ್ದ ವಿಲಿಯಂ ಹ್ಯಾನಾ, ಜೋಸೆಫ್ ಬಾರ್ಬೆರಾ ಅನ್ನುವ ಇಬ್ಬರು ಸೇರಿ ಮಾಡಿದ್ದು. ಮೊದಲ ಕಂತಿನಲ್ಲಿ ಬೆಕ್ಕಿನ ಹೆಸರು ಟಾಮ್ ಅಲ್ಲ, ಜಾಸ್ಪರ್. 1958ರವರೆಗೆ ಈ ಇಬ್ಬರು 114 ಕಿರುಚಿತ್ರ ಮಾಡಿದರು. ಅದರಲ್ಲಿ ಏಳಕ್ಕೆ ಆಸ್ಕರ್ ಬಂತು. ಒಂದೊಂದೂ ಸಾಮಾನ್ಯವಾಗಿ ಏಳೆಂಟು ನಿಮಿಷ.

ಆ ಏಳೆಂಟು ನಿಮಿಷದಲ್ಲಿ ಮಾತಿನ ಕೆಲಸವನ್ನೆಲ್ಲ ಸಂಗೀತ ಮಾಡುತ್ತದೆ. ಸ್ಕಾಟ್ ಬ್ರಾಡ್ಲಿ ಅನ್ನುವ ಸಂಗೀತಗಾರ ಬೆಕ್ಕಿನ ಒಂದೊಂದು ಹೆಜ್ಜೆಗೂ ಸ್ವರ ಕೂರಿಸಿದ. ಬೆಕ್ಕು ತುದಿಗಾಲಲ್ಲಿ ನಡೆದರೆ ತಂತಿ ವಾದ್ಯ, ಬಿದ್ದರೆ ತಾಳ. ಟಾಮ್ ಬಾಲಕ್ಕೆ ಏಟು ಬಿದ್ದಾಗ ಹೊಡೆಯುವ ಆ ಕೂಗು ಇದೆಯಲ್ಲ, ಅದು ಸ್ವತಃ ಹ್ಯಾನಾ ಅವರ ದನಿ. ಅದನ್ನು ಯಾವ ಭಾಷೆಗೂ ಅನುವಾದ ಮಾಡಬೇಕಿಲ್ಲ. ನೋವಿಗೆ ಎಲ್ಲ ಕಡೆ ಅದೇ ಕೂಗು.

ಇನ್ನೊಂದನ್ನು ಗಮನಿಸಿ. ಹಳೆಯ ಕಂತುಗಳಲ್ಲಿ ಮನುಷ್ಯರು ಬಂದರೂ ಹೆಚ್ಚಾಗಿ ಕಾಣುವುದು ಕಾಲು ಮಾತ್ರ. ಚಪ್ಪಲಿ, ಪೊರಕೆ, ಸೀರೆಯಂಥ ಉದ್ದ ಲಂಗದ ಅಂಚು. ಕ್ಯಾಮೆರಾ ಇಲಿಯ ಎತ್ತರದಲ್ಲೇ ಇರುತ್ತದೆ. ಪುಟ್ಟ ಮಗು ಕೂಡ ಲೋಕವನ್ನು ನೋಡುವುದು ಅದೇ ಎತ್ತರದಿಂದ, ಅಲ್ವಾ? ಅಡುಗೆಮನೆಯ ನೆಲದಲ್ಲಿ ಕೂತ ಮಗುವಿಗೆ ಮೊದಲು ಕಾಣುವುದು ಅಮ್ಮನ ಕಾಲು. ದೊಡ್ಡವರ ಮಾತು ಮೇಲೆಲ್ಲೋ ನಡೆಯುತ್ತಿರುತ್ತದೆ. ಅದು ಅರ್ಥವಾಗದಿದ್ದರೂ ಆಟ ನಿಲ್ಲುವುದಿಲ್ಲ.

1995ರಲ್ಲಿ ಕಾರ್ಟೂನ್ ನೆಟ್‌ವರ್ಕ್ ಭಾರತಕ್ಕೆ ಬಂದಾಗ ನಮ್ಮ ಕಡೆಯ ಕೇಬಲ್ ಇದ್ದ ಮನೆಗಳಲ್ಲೂ ಈ ಬೆಕ್ಕು ಇಲಿ ಬಂದವು. ಚಾನೆಲ್ ಪೂರ್ತಿ ಇಂಗ್ಲಿಷ್. ಆದರೂ ಇಂಗ್ಲಿಷಿನ ಒಂದಕ್ಷರ ಗೊತ್ತಿಲ್ಲದ ಅಜ್ಜಂದಿರು ಮೊಮ್ಮಕ್ಕಳ ಜೊತೆ ಕೂತು ನೋಡಿದರು. ನಮ್ಮ ಮನೆಯಲ್ಲೂ ಹಾಗೆಯೇ. ನಮ್ಮಜ್ಜನಿಗೆ ಆ ಇಲಿಯ ಹೆಸರು ಕೊನೆಯವರೆಗೂ ಗೊತ್ತಾಗಲಿಲ್ಲ. "ಆ ಕಳ್ಳ ಬಂದ ನೋಡು" ಅನ್ನುತ್ತಿದ್ದರು.

ಈ ಪಾತ್ರಗಳಿಗೆ ಮಾತು ಕೊಟ್ಟರೆ ಏನಾಗುತ್ತದೆ ಅನ್ನುವುದನ್ನೂ ಒಮ್ಮೆ ಮಾಡಿ ನೋಡಿದ್ದಾರೆ. 1992ರಲ್ಲಿ ಬಂದ ಟಾಮ್ ಆಂಡ್ ಜೆರಿಯ ಪೂರ್ಣ ಅನಿಮೇಷನ್ ಸಿನಿಮಾದಲ್ಲಿ ಇಬ್ಬರೂ ಮಾತಾಡುತ್ತಾರೆ, ಹಾಡುತ್ತಾರೆ, ಸ್ನೇಹಿತರೂ ಆಗುತ್ತಾರೆ. ಹಳೆಯ ಅಭಿಮಾನಿಗಳಿಗೆ ಅದು ಹಿಡಿಸಲಿಲ್ಲ. 2021ರ ಸಿನಿಮಾ ಮಾಡಿದವರು ಆ ತಪ್ಪು ಮಾಡಲಿಲ್ಲ. ಬೆಕ್ಕು ಇಲಿಯ ಬಾಯಿ ಮುಚ್ಚಿಯೇ ಇಟ್ಟರು. ಹ್ಯಾನಾ ಅವರ ಹಳೆಯ ಕೂಗನ್ನೇ ಮತ್ತೆ ಬಳಸಿದರು. ಇದಕ್ಕೆ ನಾನು ಅವರಿಗೆ ಕೈ ಮುಗಿಯುತ್ತೇನೆ. ಆದರೆ ಸುತ್ತಲಿದ್ದವರನ್ನು ಸುಮ್ಮನಿರಿಸಲು ಅವರಿಗೂ ಆಗಲಿಲ್ಲ.

ಚಿತ್ರಕ್ಕೆ ತೂಕ ತರುವ ಕೆಲಸ

ಬಿಡಿಸಿದ ಪಾತ್ರವನ್ನು ನಿಜ ಮನುಷ್ಯರ ಪಕ್ಕ ನಿಲ್ಲಿಸುವ ಆಸೆ ಸಿನಿಮಾದಷ್ಟೇ ಹಳೆಯದು. 1914ರಲ್ಲಿ ವಿನ್ಸರ್ ಮೆಕೇ ಅನ್ನುವ ಕಲಾವಿದ ಗರ್ಟೀ ಎಂಬ ಡೈನೋಸಾರ್ ಬಿಡಿಸಿ, ತಾನು ವೇದಿಕೆಯ ಮೇಲೆ ನಿಂತು ಪರದೆಯ ಮೇಲಿನ ಅದಕ್ಕೆ ಅಪ್ಪಣೆ ಕೊಡುತ್ತಿದ್ದ. ವಾಲ್ಟ್ ಡಿಸ್ನಿ ಮಿಕ್ಕಿ ಮೌಸ್‌ಗೂ ಮುಂಚೆ, 1923ರಲ್ಲಿ, ನಿಜವಾದ ಪುಟ್ಟ ಹುಡುಗಿಯೊಬ್ಬಳನ್ನು ಕಾರ್ಟೂನು ಲೋಕದೊಳಗೆ ಕಳಿಸಿದ. 1945ರ 'ಆಂಕರ್ಸ್ ಅವೇ' ಸಿನಿಮಾದಲ್ಲಿ ಜೀನ್ ಕೆಲ್ಲಿ ನಮ್ಮ ಇದೇ ಜೆರಿಯ ಜೊತೆ ಕುಣಿದ. ಆ ನೃತ್ಯ ಇವತ್ತು ನೋಡಿದರೂ ಕಣ್ಣು ಅರಳುತ್ತದೆ. ಕಾರಣ ಸಣ್ಣದು. ನುಣುಪು ನೆಲದಲ್ಲಿ ಕೆಲ್ಲಿಯ ಪ್ರತಿಬಿಂಬ ಕಾಣುತ್ತದೆ. ಇಲಿಯದೂ ಕಾಣುತ್ತದೆ. ಆ ಒಂದರಿಂದ ಇಲಿ ಆ ನೆಲದ ಮೇಲೆ ನಿಂತಿದೆ ಅನ್ನುವುದನ್ನು ಕಣ್ಣು ನಂಬುತ್ತದೆ.

ಈ ಕಲೆ ತುದಿ ಮುಟ್ಟಿದ್ದು 1988ರಲ್ಲಿ, ರಾಬರ್ಟ್ ಜೆಮೆಕಿಸ್ ನಿರ್ದೇಶನದ 'ಹೂ ಫ್ರೇಮ್ಡ್ ರೋಜರ್ ರ‍್ಯಾಬಿಟ್' ಸಿನಿಮಾದಲ್ಲಿ. ಅಲ್ಲಿಯವರೆಗೆ ಒಂದು ಕಟ್ಟುಪಾಡು ಇತ್ತು. ಕಾರ್ಟೂನು ಸೇರಿಸಬೇಕಾದ ದೃಶ್ಯದಲ್ಲಿ ಕ್ಯಾಮೆರಾ ಅಲುಗಾಡಬಾರದು, ಅಲುಗಾಡಿದರೆ ಚಿತ್ರ ಬಿಡಿಸುವವರಿಗೆ ಲೆಕ್ಕ ತಪ್ಪುತ್ತದೆ ಅಂತ. ಅನಿಮೇಷನ್ ನಿರ್ದೇಶಕ ರಿಚರ್ಡ್ ವಿಲಿಯಮ್ಸ್ ಆ ಕಟ್ಟುಪಾಡು ಮುರಿದ. ಕ್ಯಾಮೆರಾ ಬೇಕಾದ ಹಾಗೆ ಓಡಾಡಲಿ, ನಾವು ಬಿಡಿಸುತ್ತೇವೆ ಅಂದ. ಒಂದು ಸೆಕೆಂಡಿಗೆ 24 ಚೌಕಟ್ಟು. ಚಿತ್ರೀಕರಿಸಿದ ಒಂದೊಂದು ಚೌಕಟ್ಟನ್ನೂ ದೊಡ್ಡ ಫೋಟೋ ಮಾಡಿ, ಅದರ ಮೇಲೆ ಕಾಗದ ಇಟ್ಟು ಕೈಯಿಂದ ರೋಜರ್ ಎಂಬ ಮೊಲವನ್ನು ಬಿಡಿಸಿದರು. ನೆರಳು ಬೇರೆ ಪದರ, ಬೆಳಕು ಬೇರೆ ಪದರ.

ಮೊಲ ಹಿಡಿದುಕೊಳ್ಳುವ ವಸ್ತುಗಳು ಮಾತ್ರ ನಿಜ. ಅವನ್ನು ತಂತಿ ಕಟ್ಟಿ, ಯಂತ್ರದ ಕೈ ಇಟ್ಟು ಆಡಿಸಿದರು. ಬಾಬ್ ಹಾಸ್ಕಿನ್ಸ್ ಅನ್ನುವ ನಟ ಖಾಲಿ ಗಾಳಿಯ ಕತ್ತು ಹಿಡಿದು ನಟಿಸಬೇಕಿತ್ತು. ಅವನ ನೋಟ ಒಂದು ಗೇಣು ಆಚೀಚೆ ಆದರೂ ಮೊಲ ಸುಳ್ಳಾಗುತ್ತದೆ. ಅವನಿಗೆ ಸಹಾಯವಾಗಲಿ ಅಂತ ಮೊಲಕ್ಕೆ ದನಿ ಕೊಟ್ಟ ಚಾರ್ಲ್ಸ್ ಫ್ಲೈಶರ್ ದಿನಾ ಮೊಲದ ವೇಷ ಹಾಕಿಕೊಂಡು ಕ್ಯಾಮೆರಾ ಹಿಂದೆ ನಿಂತು ಸಂಭಾಷಣೆ ಹೇಳುತ್ತಿದ್ದ.

ಅದರಲ್ಲೊಂದು ದೃಶ್ಯವಿದೆ. ಮಬ್ಬು ಕೋಣೆ. ಮೇಲೆ ನೇತಾಡುವ ದೀಪ. ಹಾಸ್ಕಿನ್ಸ್ ತಲೆ ದೀಪಕ್ಕೆ ತಾಗುತ್ತದೆ. ದೀಪ ಉಯ್ಯಾಲೆಯಾಡುತ್ತದೆ. ಅಂದ ಮೇಲೆ ಕೋಣೆಯ ನೆರಳೆಲ್ಲ ತೂಗಾಡಬೇಕು, ಮೊಲದ ಮೈಮೇಲಿನ ನೆರಳೂ ತೂಗಾಡಬೇಕು. ದೀಪ ಅಲ್ಲಾಡಿಸದೆಯೂ ಕಥೆ ನಡೆಯುತ್ತಿತ್ತು. ಸುಮ್ನೆ ಕೆಲಸ ಜಾಸ್ತಿ. ಆದರೂ ಮಾಡಿದರು. ಆಮೇಲೆ 'ದೀಪಕ್ಕೆ ತಲೆ ತಾಗಿಸುವುದು' ಅನ್ನುವ ಮಾತೇ ಅನಿಮೇಷನ್ ಮಾಡುವವರ ನಡುವೆ ಹುಟ್ಟಿಕೊಂಡಿತು. ಯಾರೂ ಕೇಳದಿದ್ದರೂ ಪಡುವ ಶ್ರಮಕ್ಕೆ ಅದು ಹೆಸರು.

ಮಡಿಕೇರಿ ದಸರಾ ನೋಡಿದವರಿಗೆ ಈ ಶ್ರಮ ಹೊಸದಲ್ಲ. ವಿಜಯದಶಮಿಯ ರಾತ್ರಿ ಹತ್ತು ದೇವಸ್ಥಾನಗಳಿಂದ ಹತ್ತು ಮಂಟಪ ಹೊರಡುತ್ತವೆ. ಕ್ಯಾಲೆಂಡರ್ ಚಿತ್ರದಲ್ಲಿ, ಅಜ್ಜಿ ಹೇಳಿದ ಕಥೆಯಲ್ಲಿ ಇದ್ದ ದೇವರು, ರಾಕ್ಷಸರು ಆ ರಾತ್ರಿ ಟ್ರ್ಯಾಕ್ಟರ್ ಮೇಲೆ ಬೀದಿಗೆ ಬರುತ್ತಾರೆ. ಕೈ ಎತ್ತುತ್ತಾರೆ, ಕಣ್ಣು ತಿರುಗಿಸುತ್ತಾರೆ. ಹೊಗೆ, ಬೆಂಕಿ, ಬಣ್ಣದ ಬೆಳಕು. ಕಥೆ ಧ್ವನಿವರ್ಧಕದಲ್ಲಿ ಸಾಗುತ್ತದೆ. ತೀರ್ಪುಗಾರರ ಮುಂದೆ ಪ್ರದರ್ಶನ ಕೊಡುವಾಗ ಸಾವಿರಾರು ಜನ ಚಳಿಯಲ್ಲಿ ಕಾಯುತ್ತಾರೆ. ಮಕ್ಕಳು ಅಪ್ಪಂದಿರ ಹೆಗಲ ಮೇಲೆ. ಮಂಟಪ ಚೆನ್ನಾಗಿತ್ತಾ ಅಂತ ಮಾರನೆ ದಿನ ಕೇಳಿ ನೋಡಿ. ಜನ ಹೇಳುವುದು ಚಲನವಲನದ ಬಗ್ಗೆ. "ಗದೆ ಬೀಸಿದ್ದು ಸರಿಯಾಗಿತ್ತು, ಆದರೆ ಬಿದ್ದವನು ಹಗುರವಾಗಿ ಬಿದ್ದ" ಅನ್ನುತ್ತಾರೆ. ಇದು ವಿಲಿಯಮ್ಸ್ ತಂಡ ತಲೆ ಕೆಡಿಸಿಕೊಂಡ ಪ್ರಶ್ನೆಯೇ. ಇಲ್ಲದ ಪಾತ್ರಕ್ಕೆ ತೂಕ ಎಲ್ಲಿಂದ ತರುವುದು? ಅದು ಇದೆ ಅಂತ ಸುತ್ತಲಿನ ಲೋಕ ಒಪ್ಪಿಕೊಂಡ ಹಾಗೆ ತೋರಿಸುವುದು ಹೇಗೆ? ಮಂಟಪದ ಹುಡುಗರು ತಿಂಗಳುಗಟ್ಟಲೆ ಶೆಡ್‌ಗಳಲ್ಲಿ ರಾತ್ರಿ ನಿದ್ದೆಗೆಟ್ಟು ಹುಡುಕುವ ಉತ್ತರವೂ ಅದೇ.

ಈಗ ಕೈಯಿಂದ ಬಿಡಿಸುವುದು ಕಡಿಮೆ. 2021ರ ಟಾಮ್ ಆಂಡ್ ಜೆರಿಯನ್ನು ಕಂಪ್ಯೂಟರಿನಲ್ಲಿ ಮಾಡಿ, ಕೈಯಿಂದ ಬಿಡಿಸಿದ ಹಾಗೆ ಕಾಣಿಸಿದ್ದಾರೆ. ಅದರಲ್ಲಿ ಒಂದು ನಿಯಮ ನನಗೆ ತುಂಬ ಇಷ್ಟವಾಯಿತು. ಮನುಷ್ಯರೆಲ್ಲ ನಿಜ, ಪ್ರಾಣಿಗಳೆಲ್ಲ ಚಿತ್ರ. ಬೆಕ್ಕು ಇಲಿ ಅಷ್ಟೇ ಅಲ್ಲ, ಪಾರಿವಾಳ, ನಾಯಿ, ಮಾರ್ಕೆಟ್ಟಿನ ಮೀನು ಕೂಡ. ಈ ಒಂದು ನಿಯಮದಿಂದ ಸಿನಿಮಾದ ಜನರಿಗೆ ಟಾಮ್‌ನನ್ನು ನೋಡಿ ಬೆರಗಾಗುವ ಅಗತ್ಯ ಇರುವುದಿಲ್ಲ. ಅವರ ಲೋಕದಲ್ಲಿ ಬೆಕ್ಕು ಅಂದರೆ ಹಾಗೇ ಇರುವುದು.

ಅದರಲ್ಲಿ ಒಂದು ಭಾರತೀಯ ಮದುವೆ ಬರುತ್ತದೆ. ಆ ಮದುವೆಗೆ ಆನೆ ಬರುತ್ತದೆ. ಅದೂ ಚಿತ್ರದ ಆನೆಯೇ. ನಮ್ಮ ಹಾಲ್‌ನಲ್ಲಿ ಕೂತಿದ್ದ ಎಂಟೂ ಮಕ್ಕಳು ಆಗ ಮುಂದಕ್ಕೆ ಬಾಗಿದರು. ಕೊಡಗಿನ ಮಗುವಿಗೆ ಆನೆ ಅಂದರೆ ಬೆಳಗಿನ ಜಾವದ ಲದ್ದಿ, ಮುರಿದ ಬಾಳೆ, ನೆಲಕ್ಕೆ ಒರಗಿದ ಬೇಲಿ. ಆನೆ ದಾಟಿದೆ ಅಂತ ಫೋನ್ ಬಂದರೆ ಮಕ್ಕಳನ್ನು ಶಾಲೆಗೆ ನಡೆಸಿಕೊಂಡು ಹೋಗುವುದಿಲ್ಲ. ಆನೆಯಿಂದ ಪ್ರಾಣ ಹೋದ ಮನೆಗಳು ನಮ್ಮ ಸುತ್ತ ಇವೆ. ಲೈನ್ ಮನೆಯ ಹುಡುಗಿಯೊಬ್ಬಳು ಮೆಲ್ಲಗೆ ಹೇಳಿದಳು, "ಆನೆ ಬಂದ್ರೆ ಸದ್ದೇ ಆಗಲ್ಲ." ನಿಜ. ಅಷ್ಟು ದೊಡ್ಡ ಪ್ರಾಣಿ ಕಾಫಿ ಗಿಡಗಳ ನಡುವೆ ಸದ್ದಿಲ್ಲದೆ ಬಂದು ನಿಂತಿರುತ್ತದೆ. ಎಂಟು ವರ್ಷದ ಆ ಮಗುವಿಗೆ ನಿಜ ಲೋಕದ ತೂಕ ಚೆನ್ನಾಗಿ ಗೊತ್ತು. ಕಾರ್ಟೂನು ಬೇರೆ, ತೋಟ ಬೇರೆ ಅನ್ನುವುದೂ ಗೊತ್ತು. ಇಂಥ ಮಕ್ಕಳನ್ನು ಸಿನಿಮಾ ಮಾಡುವವರು ಕಡೆಗಣಿಸಬಾರದು. ಅವರು ಬಹಳ ಸೂಕ್ಷ್ಮವಾಗಿ ನೋಡುತ್ತಾರೆ.

ನಿಜಕ್ಕೆ ಹತ್ತಿರ ತರುತ್ತೇವೆ ಅಂತ ಹೋಗಿ ಕೆಡಿಸಿಕೊಂಡವರೂ ಇದ್ದಾರೆ. 2019ರಲ್ಲಿ ಸೋನಿಕ್ ಅನ್ನುವ ನೀಲಿ ಮುಳ್ಳುಹಂದಿಯ ಟ್ರೇಲರ್ ಬಂದಾಗ ಅದರ ಬಾಯಲ್ಲಿ ಮನುಷ್ಯರ ಹಲ್ಲು ನೋಡಿ ಜನ ಬೆಚ್ಚಿದರು. ಕಂಪನಿ ಬಿಡುಗಡೆ ಮುಂದೂಡಿ ಪಾತ್ರವನ್ನು ಮತ್ತೆ ಮಾಡಿ, 2020ರಲ್ಲಿ ಬಿಡುಗಡೆ ಮಾಡಿತು. ನಮ್ಮ ದೇಶದಲ್ಲೂ 2024ರಲ್ಲಿ ಛೋಟಾ ಭೀಮ್ ಸಿನಿಮಾ ಬಂತು. ಅದು ಬೇರೆ ಬಗೆ. ಅಲ್ಲಿ ಚಿತ್ರ ಹೋಗಿ, ಆ ಜಾಗಕ್ಕೆ ಬಾಲನಟ ಬಂದ.

ಮಾತು ಎಲ್ಲಿಂದ ಬಂತು

ಏಳು ನಿಮಿಷ ಓಡಿಸಬಹುದು. ನೂರು ನಿಮಿಷ ಬರೀ ಓಟ ನೋಡಲು ಯಾರಿಂದಲೂ ಆಗುವುದಿಲ್ಲ. ಆದ್ದರಿಂದ ದೊಡ್ಡ ಸಿನಿಮಾ ಮಾಡುವವರು ಮನುಷ್ಯರ ಕಥೆಯೊಂದನ್ನು ತರುತ್ತಾರೆ. 2021ರ ಸಿನಿಮಾದಲ್ಲಿ ಕೆಲಸ ಬೇಕಾದ ಹುಡುಗಿಯೊಬ್ಬಳು ಸುಳ್ಳು ಹೇಳಿ ದೊಡ್ಡ ಹೋಟೆಲ್ ಸೇರುತ್ತಾಳೆ. ಅಲ್ಲಿ ದೊಡ್ಡ ಮದುವೆ. ಅದೇ ಹೋಟೆಲ್‌ನಲ್ಲಿ ಇಲಿ. ಇಲಿ ಹಿಡಿಯಲು ಬೆಕ್ಕು. ಹುಡುಗಿಯ ಸುಳ್ಳು, ಮ್ಯಾನೇಜರನ ಅನುಮಾನ, ಮದುಮಕ್ಕಳ ಮುನಿಸು, ಎಲ್ಲವೂ ಮಾತಿನಲ್ಲೇ ನಡೆಯುತ್ತವೆ. ಕ್ಯಾಮೆರಾ ಮೊಣಕಾಲಿನಿಂದ ಮುಖಕ್ಕೆ ಏರಿತು. ಕಥೆಯೂ ಜೊತೆಗೇ ಏರಿತು.

ಹೊಸ ಪಾತ್ರ ಮಾಡುವ ಬದಲು ಹಳೆಯದನ್ನೇ ಯಾಕೆ ತರುತ್ತಾರೆ? ಹಕ್ಕು ಅವರ ಕೈಲಿದೆ. 1986ರಲ್ಲಿ ಟೆಡ್ ಟರ್ನರ್ ಎಂಜಿಎಂನ ಹಳೆಯ ಚಿತ್ರಗಳನ್ನೆಲ್ಲ ಕೊಂಡ. 1996ರಲ್ಲಿ ಅವನ ಕಂಪನಿ ಟೈಮ್ ವಾರ್ನರ್ ಜೊತೆ ಸೇರಿತು. ಹಾಗೆ ಟಾಮ್ ಜೆರಿ ವಾರ್ನರ್ ಮನೆಗೆ ಬಂದವು. ಅಮೆರಿಕದಲ್ಲಿ ಆ ಕಾಲದ ಕೃತಿಗಳಿಗೆ 95 ವರ್ಷ ರಕ್ಷಣೆ. 1928ರ ಮಿಕ್ಕಿ 2024ರ ಜನವರಿ 1ರಂದು ಸಾರ್ವಜನಿಕರ ಸೊತ್ತಾಯಿತು. 1940ರ ಬೆಕ್ಕಿಗೆ ಇನ್ನೂ ಸಮಯವಿದೆ. ಅಲ್ಲಿಯವರೆಗೆ ಅಪ್ಪ ಅಮ್ಮನ ನೆನಪು, ಮಕ್ಕಳ ನಗು ಎರಡನ್ನೂ ಒಂದೇ ಟಿಕೆಟ್ಟಿನಲ್ಲಿ ಮಾರಬಹುದು. ಇದರಲ್ಲಿ ತಪ್ಪೇನಿಲ್ಲ. ನಾನೂ ಆ ನೆನಪಿಗೇ ಸಿನಿಮಾ ಹಾಕಿದವಳು.

ಆದರೆ ಹಕ್ಕು ಇದ್ದವರು ಪಾತ್ರವನ್ನು ಪ್ರೀತಿಸುತ್ತಾರೆ ಅಂತ ಹೇಳಲು ಬರುವುದಿಲ್ಲ. 'ಕೊಯೊಟೆ ವರ್ಸಸ್ ಆಕ್ಮಿ' ಸಿನಿಮಾದ ಕಥೆ ನೋಡಿ. 1949ರಲ್ಲಿ ಚಕ್ ಜೋನ್ಸ್ ಮಾಡಿದ ಕಾರ್ಟೂನಿನ ಕೊಯೊಟೆ ಅಂದರೆ ನಮ್ಮ ನರಿ, ತೋಳಗಳ ಜಾತಿಯ ಪ್ರಾಣಿ. ಅದು ರೋಡ್ ರನ್ನರ್ ಅನ್ನುವ ಹಕ್ಕಿಯ ಹಿಂದೆ ಓಡಿ ಓಡಿ ಪ್ರಪಾತಕ್ಕೆ ಬೀಳುತ್ತದೆ. ಆ ಹಕ್ಕಿ ಕೋಗಿಲೆ ಕುಟುಂಬದ್ದು. ನಮ್ಮ ಕಾಫಿ ತೋಟದ ನೆಲದಲ್ಲಿ ಗಂಭೀರವಾಗಿ ನಡೆದುಹೋಗುವ ಕೆಂಬೂತವೂ ಅದೇ ಕುಟುಂಬ. ಕೊಯೊಟೆ ಪ್ರತಿಸಲ ಆಕ್ಮಿ ಎಂಬ ಕಂಪನಿಯಿಂದ ರಾಕೆಟ್ಟು, ಸ್ಪ್ರಿಂಗು ತರಿಸುತ್ತದೆ, ಪ್ರತಿಸಲ ಅದು ಕೈಕೊಡುತ್ತದೆ. ಹೊಸ ಸಿನಿಮಾದಲ್ಲಿ ಅದು ಕಂಪನಿಯ ಮೇಲೆ ಕೇಸು ಹಾಕುತ್ತದೆ. ವಕೀಲರು ನಿಜ ಮನುಷ್ಯರು, ಕಕ್ಷಿದಾರ ಕಾರ್ಟೂನು.

ಸಿನಿಮಾ ಪೂರ್ತಿ ತಯಾರಾದ ಮೇಲೆ, 2023ರ ನವೆಂಬರಿನಲ್ಲಿ, ವಾರ್ನರ್ ಅದನ್ನು ಬಿಡುಗಡೆಯೇ ಮಾಡುವುದಿಲ್ಲ ಅಂದಿತು. ಬಿಡುಗಡೆ ಮಾಡಿ ಗಳಿಸುವುದಕ್ಕಿಂತ ನಷ್ಟ ತೋರಿಸಿ ತೆರಿಗೆ ಉಳಿಸಿದರೆ ಲಾಭ ಅನ್ನುವ ಲೆಕ್ಕ. ನೂರಾರು ಜನ ವರ್ಷಗಟ್ಟಲೆ ಬಿಡಿಸಿದ ಕೆಲಸ ಕಪಾಟಿಗೆ ಹೋಗುವುದರಲ್ಲಿತ್ತು. ಚಿತ್ರರಂಗದವರು ಬಹಿರಂಗವಾಗಿ ವಿರೋಧಿಸಿದರು. ಕೊನೆಗೆ 2025ರಲ್ಲಿ ಕೆಚಮ್ ಎಂಟರ್‌ಟೈನ್‌ಮೆಂಟ್ ಅನ್ನುವ ಕಂಪನಿ ಅದನ್ನು ಕೊಂಡು, 2026ರ ಆಗಸ್ಟ್ 28 ಬಿಡುಗಡೆಯ ದಿನ ಅಂತ ಘೋಷಿಸಿತು. ಒಂದು ಮಕ್ಕಳ ಸಿನಿಮಾವನ್ನು ಹುಟ್ಟುವ ಮೊದಲೇ ಹೂಳಲು ಹೊರಟಿದ್ದು ನನಗೆ ಇವತ್ತಿಗೂ ಸಂಕಟ ತರುವ ಸಂಗತಿ.

ಈ ಕಥೆಯಲ್ಲೂ ನನ್ನ ಪ್ರಶ್ನೆ ಅಡಗಿದೆ. ಆ ಹಕ್ಕಿಯ ಹಿಂದೆ ಓಡುವಾಗ ಕೊಯೊಟೆ ಮಾತಾಡಿದ್ದಿಲ್ಲ. ಫಲಕ ಎತ್ತಿ ಹಿಡಿಯುತ್ತಿತ್ತು ಅಷ್ಟೆ. ಈಗ ಅದು ಬಂದು ನಿಂತಿರುವುದು ಕೋರ್ಟಿನಲ್ಲಿ. ಮಾತಿಲ್ಲದೆ ಏನೂ ನಡೆಯದ ಜಾಗ ಅದು. ಆ ಮಾತು ನಮ್ಮ ಮಕ್ಕಳಿಗೆ ಯಾವ ಭಾಷೆಯಲ್ಲಿ ಕೇಳಿಸಬೇಕು?

ಕನ್ನಡದ ಬಾಗಿಲು

2021ರ ಟಾಮ್ ಆಂಡ್ ಜೆರಿ ಭಾರತದಲ್ಲಿ ಇಂಗ್ಲಿಷ್, ಹಿಂದಿ, ತಮಿಳು, ತೆಲುಗಿನಲ್ಲಿ ಬಂತು. 2019ರ 'ದಿ ಲಯನ್ ಕಿಂಗ್', 2024ರ 'ಮುಫಾಸಾ' ಬಂದದ್ದೂ ಇದೇ ನಾಲ್ಕರಲ್ಲಿ. ಪಟ್ಟಿ ಹೆಚ್ಚಾಗಿ ಅಲ್ಲಿಗೇ ನಿಲ್ಲುತ್ತದೆ.

ಇದಕ್ಕೆ ಹೊರಗಿನವರನ್ನು ಮಾತ್ರ ದೂರುವ ಹಾಗಿಲ್ಲ. 1960ರ ದಶಕದಲ್ಲಿ ಕನ್ನಡ ಚಿತ್ರರಂಗ ಇನ್ನೂ ಕಾಲೂರುತ್ತಿತ್ತು. ಬೇರೆ ಭಾಷೆಯ ಸಿನಿಮಾ ಡಬ್ ಆಗಿ ಬಂದರೆ ಇಲ್ಲಿನವರ ಅನ್ನ ಹೋಗುತ್ತದೆ ಅನ್ನುವ ಭಯ ಇತ್ತು. ಅ.ನ.ಕೃ., ಡಾ. ರಾಜ್‌ಕುಮಾರ್ ಅಂಥವರು ಡಬ್ಬಿಂಗ್ ಬೇಡ ಅಂದರು. ಆ ಕಾಲಕ್ಕೆ ಆ ಭಯ ಸುಳ್ಳಲ್ಲ. ಕನ್ನಡದಲ್ಲೇ ಸಿನಿಮಾ ಆಗಲಿ ಅನ್ನುವ ಹಠ ಇರದಿದ್ದರೆ ಮುಂದಿನ ಎಷ್ಟೋ ಒಳ್ಳೆ ಚಿತ್ರಗಳು ಬರುತ್ತಿದ್ದವೋ ಇಲ್ಲವೋ. ಕಾನೂನು ಅಂತ ಇರಲಿಲ್ಲ, ಒಪ್ಪಂದದ ಹಾಗೆ ನಡೆದುಬಂತು. 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗ ಈ ತಡೆ ಸರಿಯಲ್ಲ ಅಂತ ಆದೇಶ ಕೊಟ್ಟಿತು. 2017ರಿಂದ ಡಬ್ ಆದ ಚಿತ್ರಗಳು ಚಿತ್ರಮಂದಿರಕ್ಕೆ ಬರತೊಡಗಿದವು.

ಐದು ದಶಕ ಮುಚ್ಚಿದ್ದ ಬಾಗಿಲು ತೆರೆದ ಮೇಲೂ ಅಭ್ಯಾಸ ಬೇಗ ಬದಲಾಗುವುದಿಲ್ಲ. ದೊಡ್ಡ ಕಂಪನಿಗಳ ಲೆಕ್ಕದಲ್ಲಿ ಕನ್ನಡದವರು ಹೇಗೂ ಬೇರೆ ಭಾಷೆಯಲ್ಲೇ ನೋಡುತ್ತಾರೆ ಅನ್ನುವುದು ಕೂತುಬಿಟ್ಟಿದೆ. ದೊಡ್ಡವರ ಮಟ್ಟಿಗೆ ಅದು ನಿಜವೂ ಇರಬಹುದು. ಮಕ್ಕಳ ಮಟ್ಟಿಗೆ ನಿಜವಲ್ಲ. ಆರು ವರ್ಷದ ಮಗು ಸಬ್‌ಟೈಟಲ್ ಓದಿ ಸಿನಿಮಾ ನೋಡಲಾರದು. ಓದುವಷ್ಟರಲ್ಲಿ ಸಾಲು ಹೋಗಿರುತ್ತದೆ, ಬೆಕ್ಕೂ ಹೋಗಿರುತ್ತದೆ.

ಬದಲಾವಣೆ ಇಲ್ಲವೇ ಇಲ್ಲ ಅಂತಲ್ಲ. 2009ರಲ್ಲೇ ಚಿಂಟು ಟಿವಿ ಮಕ್ಕಳಿಗಾಗಿ ಕನ್ನಡದಲ್ಲಿ ಬಂತು. ಈಗ ಕೆಲವು ಮಕ್ಕಳ ಚಾನೆಲ್‌ಗಳಲ್ಲಿ ಕನ್ನಡ ಧ್ವನಿಯ ಆಯ್ಕೆ ಇದೆ. 2022ರ ಅವತಾರ್ ಎರಡನೇ ಭಾಗ ಕನ್ನಡದಲ್ಲೂ ಬಂತು. 2025ರ ಜುಲೈನಲ್ಲಿ 'ಮಹಾವತಾರ್ ನರಸಿಂಹ' ಅನ್ನುವ ಅನಿಮೇಷನ್ ಸಿನಿಮಾವನ್ನು ನಮ್ಮ ಹೊಂಬಾಳೆ ಫಿಲ್ಮ್ಸ್ ಹಲವು ಭಾಷೆಗಳ ಜೊತೆ ಕನ್ನಡದಲ್ಲೂ ತಂದಿತು. ಮೂರು ತಲೆಮಾರು ಒಟ್ಟಿಗೆ ಹೋಗಿ ನೋಡಿದ ಸಿನಿಮಾ ಅದು. ನಾವೂ ಮಡಿಕೇರಿಯಿಂದ ಸುಮಾರು 120 ಕಿಲೋಮೀಟರ್ ದೂರದ ಮೈಸೂರಿಗೆ ಮಳೆಯಲ್ಲಿ ಹೋಗಿ ನೋಡಿಬಂದೆವು. ಮಕ್ಕಳ ಸಿನಿಮಾ ನೋಡಲು ಒಂದಿಡೀ ದಿನ ಕಳೆಯಬೇಕು ಅನ್ನುವುದು ಕೊಡಗಿನ ಬಹಳ ಮನೆಗಳ ಪಾಡು. ನನ್ನ ಮಗಳು ದಾರಿಯುದ್ದಕ್ಕೂ ಪ್ರಹ್ಲಾದನ ಮಾತು ಹೇಳಿಕೊಂಡು ಬಂದಳು. ಭಾಷೆ ತನ್ನದಾದಾಗ ಮಗು ಸಿನಿಮಾವನ್ನು ಮನೆಗೆ ಹೊತ್ತು ತರುತ್ತದೆ.

ಡಬ್ಬಿಂಗ್ ಅಂದರೆ ಅನುವಾದ ಮಾಡಿ ಓದಿಸುವುದು ಅಂತ ಜನ ತಿಳಿದಿದ್ದಾರೆ. ಅಷ್ಟು ಸುಲಭವಲ್ಲ. ಕಾರ್ಟೂನು ಪಾತ್ರದ ಬಾಯಿಗೆ ನಾಲ್ಕಾರು ಆಕಾರ ಮಾತ್ರ ಇರುತ್ತವೆ, ಯಾವ ಮಾತಾದರೂ ಹೊಂದಿಕೊಳ್ಳುತ್ತದೆ. ನಿಜ ಮನುಷ್ಯರ ತುಟಿ ಹಾಗಲ್ಲ. ಪ, ಬ, ಮ ಹೇಳುವಾಗ ತುಟಿ ಮುಚ್ಚಲೇಬೇಕು. ಪರದೆಯ ಮೇಲೆ ತುಟಿ ಮುಚ್ಚಿದ ಕ್ಷಣಕ್ಕೆ ಕನ್ನಡದಲ್ಲೂ ಅಂಥ ಅಕ್ಷರ ಬರಬೇಕು. ಇನ್ನೊಂದು ತೊಡಕು, ಇಂಗ್ಲಿಷಿನಲ್ಲಿ ಇಲ್ಲ ಅನ್ನುವ ಭಾಗ ವಾಕ್ಯದ ಮೊದಲಿಗೇ ಬಂದುಬಿಡುತ್ತದೆ. ನಮ್ಮಲ್ಲಿ ಕೊನೆಗೆ. ನಟಿ ಮೊದಲ ಪದಕ್ಕೇ ತಲೆ ಅಲ್ಲಾಡಿಸಿರುತ್ತಾಳೆ. ನಮ್ಮ "ಇಲ್ಲ" ಬರುವ ಹೊತ್ತಿಗೆ ಅವಳ ತಲೆ ನಿಂತಿರುತ್ತದೆ. ಅದಕ್ಕೇ ಒಳ್ಳೆಯ ಡಬ್ಬಿಂಗ್ ಬರಹಗಾರರು ವಾಕ್ಯವನ್ನು ಒಡೆದು ಕಟ್ಟುತ್ತಾರೆ. "ಇಲ್ಲಪ್ಪ, ನಾನು ಬರಲ್ಲ" ಅಂತ "ಇಲ್ಲ"ವನ್ನು ಮುಂದಕ್ಕೆ ತರುತ್ತಾರೆ. ಇದೂ ದೀಪಕ್ಕೆ ತಲೆ ತಾಗಿಸುವ ಕೆಲಸವೇ. ನಮ್ಮ ರಂಗಭೂಮಿಯಲ್ಲಿ, ಆಕಾಶವಾಣಿಯಲ್ಲಿ ಇದನ್ನು ಮಾಡಬಲ್ಲ ಎಷ್ಟೊಂದು ದನಿಗಳಿವೆ.

ಯಾವ ಕನ್ನಡ ಅನ್ನುವುದೂ ಮುಖ್ಯ. "ನಾನು ನಿನ್ನನ್ನು ಬಿಡುವುದಿಲ್ಲ" ಅಂತ ಪಾಠ ಓದಿದ ಹಾಗೆ ಇಲಿ ಅಟ್ಟುವವನು ಕಿರುಚಿದರೆ ಮಕ್ಕಳು ಕಿವಿ ಮುಚ್ಚಿಕೊಳ್ಳುತ್ತಾರೆ. "ಇರು, ನಿನ್ನ ಬಿಡಲ್ಲ" ಅಂದರೆ ಸಾಕು. ಕೊಡಗಿನಲ್ಲಿ ಕನ್ನಡ ಅನ್ನುವುದು ಹತ್ತಾರು ಮನೆಮಾತಿನವರು ಸೇರುವ ಅಂಗಳ. ಇಲ್ಲಿ ಎಲ್ಲರಿಗೂ ತಿಳಿಯುವ ಸರಳ ಕನ್ನಡ ತಾನಾಗಿಯೇ ಬೆಳೆದಿದೆ. ಡಬ್ಬಿಂಗ್‌ಗೆ ಇದಕ್ಕಿಂತ ಒಳ್ಳೆಯ ಮಾದರಿ ಬೇಕೇ?

ಇಂಗ್ಲಿಷಿನಲ್ಲೇ ನೋಡಲಿ ಬಿಡಿ, ಕಲಿತ ಹಾಗಾಗುತ್ತದೆ ಅನ್ನುವ ಪೋಷಕರು ಬಹಳ ಜನ. ಅವರ ಕಾಳಜಿ ನನಗೆ ಅರ್ಥವಾಗುತ್ತದೆ. ಆದರೆ ನಾನು ನೋಡಿದ್ದು ಇಷ್ಟು: ಇಂಗ್ಲಿಷ್ ಶಾಲೆಗೆ ಹೋಗುವ ನನ್ನ ಮಗಳು ಅರ್ಧ ಅರ್ಥವಾಗಿ ನಕ್ಕಳು. ಲೈನ್ ಮನೆಯ ಮಕ್ಕಳು ಅವಳು ನಕ್ಕ ಮೇಲೆ ನಕ್ಕರು. ಹಳೆಯ ಕಂತು ಹಾಕಿದಾಗ ಆ ಹಾಲ್‌ನಲ್ಲಿ ಮೇಲು ಕೆಳಗು ಇರಲಿಲ್ಲ. ಮಾತು ಶುರುವಾದಾಗ ಬಂತು. ಅದು ನನ್ನ ಮನೆಯೊಳಗೇ, ನನ್ನ ಕಣ್ಣೆದುರೇ ಆಯಿತು. ಅದನ್ನು ನೋಡಿ ಸುಮ್ಮನಿರಲು ನನ್ನಿಂದ ಆಗಲಿಲ್ಲ.

ಮುಂದಿನ ವಾರ ಮತ್ತೆ ಮಳೆ ರಜೆ ಬಂತು. ಅದೇ ಎಂಟು ಮಕ್ಕಳು, ಅದೇ ಸಿನಿಮಾ. ಈ ಸಲ ಮನುಷ್ಯರ ದೃಶ್ಯ ಬಂದಾಗ ನಾನು ಧ್ವನಿ ತೆಗೆದುಬಿಟ್ಟೆ. "ನೀವೇ ಮಾತಾಡಿ" ಅಂದೆ. ಮೊದಲು ನಾಚಿಕೊಂಡರು. ಆಮೇಲೆ ಪಕ್ಕದ ಮನೆ ಹುಡುಗ ಹೋಟೆಲ್ ಮ್ಯಾನೇಜರ್ ಆದ, ದನಿ ದಪ್ಪ ಮಾಡಿಕೊಂಡ. ನನ್ನ ಮಗಳು ಕೆಲಸ ಕೇಳುವ ಹುಡುಗಿ. "ನಂಗೆ ಎಲ್ಲಾ ಕೆಲಸ ಬರುತ್ತೆ ಸಾರ್, ಕಾಫಿ ಕೊಯ್ಯೋಕೂ ಬರುತ್ತೆ." ಮದುವೆಗೆ ಆನೆ ಬಂದಾಗ ಯಾರು ಏನು ಹೇಳುತ್ತಾರೋ ಅಂತ ಕಾಯುತ್ತಿದ್ದೆ. ಅಲ್ಲಿಯವರೆಗೆ ಬಾಯೇ ಬಿಡದ ಅಸ್ಸಾಮಿನ ಹುಡುಗ ಎದ್ದು ನಿಂತು, ಮದುಮಗಳ ಪರವಾಗಿ ಕನ್ನಡದಲ್ಲಿ ಕೂಗಿದ: "ಎಲ್ಲಾ ಒಳಗೆ ಬನ್ನಿ, ಆನೆ ಬಂತು! ಪಟಾಕಿ ಎಲ್ಲಿ?"